ಮಾಸ್ತರರು ನಮ್ಮೂರ ಚರಿತ್ರೆ ಬರೆದದ್ದು

ಊರಿನ ಚರಿತ್ರೆ ಬರೆಯಲು ಕುಳಿತವನಿಗೆ ಇಂಥವು ಆಗುತ್ತಲೇ ಇರುತ್ತವೆ ಎಂದು ಮೊದಲು ನನಗೆ ಹೇಳಿದವರು ನಮ್ಮೂರ ಮಠದ ಅಯ್ಯನವರು. ಇಲ್ಲಿಯ ಮೊದಲನೆಯ ಪ್ರಸಂಗವನ್ನೂ ಅವರ ಬಾಯಿಂದಲೇ ಕೇಳಿದ್ದೇನೆ. ಉಳಿದವಕ್ಕೆ, ಬಂಡಿ ಹೂಡಿಕೊಂಡು ಮಾಸ್ತರರ ಜೊತೆಗೆ ಹೋದ ನಾನೇ ಸಾಕ್ಷಿ.

ನಮ್ಮದು ನಂದಗಡದ ಆಚೆಗಿನ ಒಂದು ಸಣ್ಣ ಹಳ್ಳಿ. ಖಾನಾಪುರ ತಾಲೂಕು. ನಾಲ್ಕನೆಯ ಇಯತ್ತೆಯವರೆಗೆ ನನಗೆ ಅಕ್ಷರ ಕಲಿಸಿದ ಮಾಸ್ತರರು ನೌಕರಿ ಮುಗಿದ ಮೇಲೂ ಊರು ಬಿಡಲಿಲ್ಲ. ಮನೆಯ ಕಟ್ಟೆಯ ಮೇಲೆ ಕುಳಿತು ಊರಿನದೂ ಸಾಲೆಯದೂ ಚರಿತ್ರೆ ಬರೆಯತೊಡಗಿದರು. “ರಾಜರದು ಬರಿಯಾಕ ಪುಣೆ, ಮುಂಬಯಿಯೊಳಗ ಬೇಕಾದಷ್ಟು ಮಂದಿ ಅದಾರ. ನಮ್ಮ ಸಾಲಿದು ಬರಿಯವರು ಯಾರು?” ಎನ್ನುತ್ತಿದ್ದರು.

ಅವರ ಮನಸ್ಸಿನಲ್ಲಿದ್ದದ್ದು ಬೇರೆ. ಯುರೋಪಿನ ಯುದ್ಧ ಮುಗಿಯುವ ಹೊತ್ತಿಗೆ ಬಂದ ಜ್ವರ ಅವರ ಸಾಲೆಯ ಮಕ್ಕಳಲ್ಲಿ ಬಹಳ ಮಂದಿಯನ್ನು ಒಯ್ದಿತು. ಅವರ ಮಡದಿ, ಒಬ್ಬನೇ ಮಗ ಚನ್ನಬಸು, ಇಬ್ಬರೂ ಅದೇ ಜ್ವರದಲ್ಲಿ ಒಂದೇ ವಾರ ಲಿಂಗೈಕ್ಯರಾದರು. ಆ ಮಕ್ಕಳ ಹೆಸರು ಎಲ್ಲಾದರೂ ಅಚ್ಚಾಗಿ ಉಳಿಯಬೇಕು ಎಂಬುದೊಂದೇ ಅವರ ಆಸೆ. ಆ ಒಂದು ಹಾಳೆಗಾಗಿ ಉಳಿದ ಚರಿತ್ರೆಯೆಲ್ಲ.

ತಪಾಸಣೆ

ಪ್ಲೇಗಿನ ಕಾಲ. ಇಲಿ ಸತ್ತು ಬೀಳತೊಡಗಿದವೆಂದರೆ ಊರು ಖಾಲಿ ಮಾಡಿ, ಹೊಲದಲ್ಲಿ ಗುಡಿಸಲು ಹಾಕಿಕೊಂಡು ಇರುವುದು ಆಗಿನ ರೀತಿ. ಸಾಲೆಯೂ ಹೊಲದ ಮಾವಿನ ಗಿಡದ ಕೆಳಗೆ ನಡೆದಿತ್ತು. ಇದು ಗೊತ್ತಿಲ್ಲದೆ ತಪಾಸಣೆಯ ಸಾಹೇಬರು ಬೆಳಗಾವಿಯಿಂದ ನೇರವಾಗಿ ಊರಿಗೇ ಬಂದರು. ಊರ ಅಗಸೆ ಬಾಗಿಲಲ್ಲಿ ಒಂದು ಸತ್ತ ಇಲಿ ಬಿದ್ದಿತ್ತು. ಅದನ್ನು ಕಂಡವರು ಟಾಂಗಾದಿಂದ ಕೆಳಗೆ ಕಾಲಿಡಲಿಲ್ಲ. ಖಾಲಿ ಊರು ಕಾಯಲು ನಿಂತಿದ್ದ ತಳವಾರನನ್ನು ದೂರದಿಂದಲೇ ಕೇಳಿದರು.

“ಸಾಲಿ ಎಲ್ಲೈತಿ?”

“ಅಲ್ಲೇ ಕಾಣತದಲ್ರಿ ಸಾಹೇಬ್ರ.”

“ಮಾಸ್ತರ ಮಕ್ಕಳನ್ನ ಹೊಡಿತಾನೇನು?”

“ಸುಳ್ಳ ಯಾಕ ಹೇಳ್ಲಿ, ತಿಂಗಳಾತು, ಅಲ್ಲಿ ಒಂದ ಏಟು ಬಿದ್ದಿಲ್ರಿ.”

“ಮಕ್ಕಳ ಗದ್ದಲ?”

“ಒಂದ ಉಸರಿಲ್ರಿ.”

ಸಾಹೇಬರು ಟಾಂಗಾದಲ್ಲಿ ಕುಳಿತೇ ಶೇರಾ ಬರೆದು ಕುದುರೆ ತಿರುಗಿಸಿದರು. “ಸಾಲೆಯಲ್ಲಿ ಪೂರ್ಣ ಶಾಂತಿ. ಇಂಥ ಶಿಸ್ತನ್ನು ಉಳಿದ ಊರಿನವರು ನೋಡಿ ಕಲಿಯತಕ್ಕದ್ದು.”

ಅಯ್ಯನವರು ಇದನ್ನು ಹೇಳಿ, ವಿಭೂತಿ ಹಚ್ಚಿದ ಹಣೆ ಒರೆಸಿಕೊಂಡು ಅನ್ನುತ್ತಿದ್ದರು: “ನಮ್ಮ ಸಾಲಿಗೆ ಚಲೋ ಶೇರಾ ಬಂದದ್ದು ಅದೊಂದ ಸಲ ನೋಡಪಾ. ಊರಾಗ ಒಂದು ಜೀವ ಇರಲಾರದ ದಿವಸ.”

ಶಹಾಪುರದ ಅಜ್ಜಿ

ಸಾಲೆ ಯಾವ ವರ್ಷ ಸುರುವಾಯಿತು ಎಂಬುದು ಊರಲ್ಲಿ ಯಾರಿಗೂ ಗೊತ್ತಿರಲಿಲ್ಲ. ಪ್ಲೇಗಿಗೆ ಹೆದರಿ ನಮ್ಮೂರು ಬಿಟ್ಟುಹೋದ ಒಂದು ನೇಕಾರರ ಮನೆತನ ಬೆಳಗಾವಿಯ ಶಹಾಪುರದಲ್ಲಿದೆ, ಅವರ ಮನೆಯ ಅಜ್ಜಿಗೆ ಎಲ್ಲ ನೆನಪಿದೆ ಎಂದು ಯಾರೋ ಹೇಳಿದರು. ಖಾನಾಪುರದಲ್ಲಿ ರೈಲು ಹತ್ತಿ ಹೋದೆವು. ಅಜ್ಜಿ ಮಗ್ಗದ ಪಕ್ಕದಲ್ಲಿ ಕುಳಿತು ನೂಲು ಸುತ್ತುತ್ತಿದ್ದಳು.

“ಅಜ್ಜೀ, ನಮ್ಮೂರ ಸಾಲಿ ಯಾವಾಗ ಸುರು ಆತ್ರಿ?” ಎಂದು ಮಾಸ್ತರರು ಕೇಳಿದರು.

“ನಮ್ಮ ಹಿರೇ ಸೊಸಿ ಹೋದ ವರ್ಷರೀ.”

“ಅದು ಯಾವ ವರ್ಷ?”

“ನಮ್ಮ ಮೈದುನ ಹೋದ ಮರುವರ್ಷ. ಅವಂದು ವಾಂತಿಬ್ಯಾನಿ. ಈಕಿದು ಬಾಣಂತಿ ಜ್ವರ.”

“ಮೈದುನ ಹೋಗಿದ್ದು?”

“ಬರ ಬಿದ್ದಿತ್ತಲ್ಲ, ನಮ್ಮತ್ತಿ ಹೋದಳಲ್ಲ, ಅದರ ಹಿಂದಿಂದಲೇ.”

ಹೀಗೆ ಆ ಮನೆಯಲ್ಲಿ ಹೋದವರನ್ನೆಲ್ಲ ಒಬ್ಬೊಬ್ಬರಾಗಿ ದಾಟಿ ಅಜ್ಜಿಯ ತಾಯಿಯ ಕಾಲಕ್ಕೆ ಬಂದರೂ ಒಂದು ಇಸವಿ ಕೈಗೆ ಸಿಗಲಿಲ್ಲ. ಅಜ್ಜಿ ಕಣ್ಣೀರು ಹಾಕಲಿಲ್ಲ, ನೂಲು ಸುತ್ತುವುದನ್ನೂ ನಿಲ್ಲಿಸಲಿಲ್ಲ. ಏಳುವಾಗ ಮಾಸ್ತರರು ಕೈಮುಗಿದರು. ಅಜ್ಜಿ ಬಹಳ ಅಂತಃಕರಣದಿಂದ ಅಂದಳು:

“ಪುಸ್ತಕ ಮುಗದ ಮ್ಯಾಲೆ ನೀವು ಯಾವಾಗ ಹೋಗವರು ಅಂತ ಒಂದ ಮಾತು ಹೇಳಿ ಕಳಸ್ರಿ ಮಾಸ್ತರ. ಪುಸ್ತಕ ಯಾವ ವರ್ಷ ಆತು ಅಂತ ನಾಳೆ ಯಾರರ ಕೇಳಿದ್ರ ನನಗ ಹೇಳಾಕ ಬೇಕಲ್ಲ.”

ಛಾಪಖಾನೆ

ಬರೆದಷ್ಟನ್ನು ಬೆಳಗಾವಿ ಪೇಟೆಯ ಒಂದು ಛಾಪಖಾನೆಗೆ ಕೊಟ್ಟೆವು. ಮಾಲೀಕರು ಮರಾಠಿ ಮನೆಮಾತಿನವರು, ಕನ್ನಡವನ್ನೂ ಅಷ್ಟೇ ಸಲೀಸಾಗಿ ಆಡುವವರು. ಅವರಲ್ಲಿ ಹೆಚ್ಚಾಗಿ ಅಚ್ಚಾಗುತ್ತಿದ್ದದ್ದು ಲಗ್ನಪತ್ರಿಕೆ. ಮೊದಲ ಪುಟಗಳ ಕರಡು ನೋಡಲು ಹೋದಾಗ ಮಾಸ್ತರರು ಕನ್ನಡಕ ಏರಿಸಿ ಪ್ಲೇಗಿನ ಪ್ರಕರಣವನ್ನು ಗಟ್ಟಿಯಾಗಿ ಓದಿದರು.

“ಆ ಸಲ ಬ್ಯಾನಿ ಕೆಳಗಿನ ಓಣಿಯಿಂದ ಮೇಲಿನ ಓಣಿಗೆ ಹಬ್ಬಿತು. ಹೆಣ ಹೊರಲು ಜನ ಸಾಲದೆ ಬಂಡಿಯಲ್ಲಿ ಹೇರಬೇಕಾಯಿತು. ಈ ಶುಭಸಮಾರಂಭಕ್ಕೆ ತಾವು ಸಹಕುಟುಂಬ ಸಹಪರಿವಾರ ಆಗಮಿಸಿ ನಮ್ಮನ್ನು ಆನಂದಪಡಿಸಬೇಕು.”

ಮಾಸ್ತರರು ಕನ್ನಡಕ ತೆಗೆದು ಒರೆಸಿ ಮತ್ತೆ ಓದಿದರು. ಅದು ಹಾಗೆಯೇ ಇತ್ತು.

ಮಾಲೀಕರು ಇಣುಕಿ ನೋಡಿ ನಾಲಿಗೆ ಕಚ್ಚಿಕೊಂಡರು. “ಆ ಸಾಲಿನ ಅಚ್ಚಿನ ಮೊಳಿ ನಮ್ಮಲ್ಲಿ ಯಾವಾಗಲೂ ಜೋಡಿಸೇ ಇಟ್ಟಿರತಾವ್ರಿ. ಪುಟದ ಬುಡಕ ಜಾಗಾ ಉಳೀತಂದ್ರ ನಮ್ಮ ಜೋಡಿಸೂ ಮನಶ್ಯಾನ ಕೈ ತಾನ ಅಲ್ಲಿಗೆ ಹೋಗತದ. ತಗಸ್ತೀನಿ.”

ಮಾಸ್ತರರು ನಕ್ಕರು. ಆ ಜ್ವರದ ವರ್ಷದಿಂದ ಈಚೆಗೆ ಅವರು ಹಾಗೆ ಹೊಟ್ಟೆ ಹಿಡಿದು ನಕ್ಕದ್ದನ್ನು ನಾನು ಕಂಡಿರಲಿಲ್ಲ. ಮಾಲೀಕರು ಮಾತ್ರ ನಗಲಿಲ್ಲ. ಮೊಳೆಗಳನ್ನು ಒಂದೊಂದಾಗಿ ಕೀಳುತ್ತ ಅಂದರು:

“ಖರೇ ಹೇಳಬೇಕಂದ್ರ ಇದೇನು ಪೂರಾ ತಪ್ಪಲ್ಲ ಬಿಡ್ರಿ ಮಾಸ್ತರ. ನಮ್ಮ ಕಾಕಾನ ಮನಿಯವರು ಆ ಸಲ ಸಹಕುಟುಂಬನ ಹೋದ್ರು.”

ಗೌಡರ ಅಜ್ಜ

ಛಾಪಖಾನೆಯ ಸುದ್ದಿ ಊರಿಗೆ ತಿಳಿದು ಪುಸ್ತಕದ ಮೇಲೆ ಎಲ್ಲರಿಗೂ ಕಣ್ಣು ಬಿತ್ತು. ಊರ ಗೌಡರು ಮಾಸ್ತರರ ಕಟ್ಟೆಗೆ ಬಂದು ಕುಳಿತರು.

“ಸಾಲಿ ತರಿಸಿದವರು ನಮ್ಮ ಅಜ್ಜ ಅಂತ ಬರೀರಿ.”

“ಗೌಡ್ರ, ಊರಾಗ ಸಾಲಿ ಬ್ಯಾಡ ಅಂತ ನಿಮ್ಮ ಅಜ್ಜಾರು ಮಾಮಲೇದಾರಗ ಅರ್ಜಿ ಕೊಟ್ಟಿದ್ರಲ್ರಿ.”

“ಅದನ್ನ ನಾನೂ ಹೇಳೂದು. ಆ ಅರ್ಜಿ ಹೋದ ಮ್ಯಾಲೆ ಅಲ್ಲೇನು, ಇಲ್ಲೊಂದು ಊರೈತಿ ಅಂತ ಸರಕಾರಕ್ಕ ಗೊತ್ತಾಗಿದ್ದು?”

ಮಾಸ್ತರರು ಒಪ್ಪಿ ಬರೆದುಕೊಂಡರು. ಗೌಡರು ಖುಷಿಯಿಂದ ಹಾಳೆ ತಿರುವುತ್ತ ಕೊನೆಯದಕ್ಕೆ ಬಂದರು. ಅದರಲ್ಲಿ ಜ್ವರದಲ್ಲಿ ಹೋದ ಮಕ್ಕಳ ಹೆಸರುಗಳಿದ್ದವು. ಗೌಡರ ಮುಖ ಕಪ್ಪಿಟ್ಟಿತು. ಅವರ ಮೊಮ್ಮಗನೂ ಅದರಲ್ಲಿದ್ದ.

“ಇದನ್ನ ತಗೀರಿ ಮಾಸ್ತರ. ಸತ್ತ ಕೂಸುಗಳ ಹೆಸರು ಹಿಂಗ ಸಾಲಾಗಿ ಕರದ್ರ ಆ ಬ್ಯಾನಿ ತಿರುಗಿ ಬರತದ.”

“ಬ್ಯಾನಿಗೆ ಓದಾಕ ಬರತದೇನ್ರಿ ಗೌಡ್ರ?”

“ನೀವಿದ್ದ ಊರಾಗ ಯಾರನ್ನ ಕಲಿಸದ ಬಿಟ್ಟೀರಿ? ಕಲಿತಿದ್ದೀತು.”

ಮಾತು ಅಲ್ಲಿಗೆ ನಿಲ್ಲಲಿಲ್ಲ. ಹೆಸರಿನ ಹಾಳೆ ಇಲ್ಲದಿದ್ದರೆ ಪುಸ್ತಕವೇ ಬೇಡ ಎಂದರು ಮಾಸ್ತರರು. ಇದ್ದರೆ ಊರೇ ಅದನ್ನು ಸುಡುತ್ತದೆ ಎಂದರು ಗೌಡರು. ಕೊನೆಗೆ ಅಯ್ಯನವರು ನಡುವೆ ಬಂದು ತೀರ್ಮಾನ ಮಾಡಿದರು. ಸೋಮವಾರ ಪೂಜೆ ಮುಗಿಸಿ ಎಲ್ಲರೂ ಸಾಲೆಯಲ್ಲಿ ಸೇರುವುದು. ಮಾಸ್ತರರು ಆ ಹಾಳೆ ಓದುವುದು. ಒಬ್ಬರು ಬೇಡ ಎಂದರೂ ಅದನ್ನು ಹರಿದುಹಾಕುವುದು.

ಸೋಮವಾರ

ನಾನು ಲಿಂಗಪೂಜೆ ಮುಗಿಸಿ ಹೋಗುವುದರಲ್ಲಿ ಸಾಲೆ ತುಂಬಿತ್ತು. ಹೊಸ ಮಾಸ್ತರರು ಮಕ್ಕಳನ್ನು ಮುಂದೆ ನೆಲದ ಮೇಲೆ ಕೂರಿಸಿ ‘ಪಿಟ್ ಅನಬಾರದು’ ಎಂದು ಕಣ್ಣು ಬಿಟ್ಟಿದ್ದರು. ಹಿಂದೆ ಹೆಂಗಸರು. ಬಾಗಿಲ ಹತ್ತಿರ, ಬಡಿಗೆ ಊರಿಕೊಂಡು ಗೌಡರು.

ನಮ್ಮ ಮಾಸ್ತರರು ಎದ್ದು ನಿಂತರು.

“ಬಸಲಿಂಗ” ಎಂದು ಓದಿದರು.

ಹಿಂದಿನಿಂದ ಒಬ್ಬ ತಾಯಿ ಬಿಕ್ಕಿದಳು. ಸಾಕು ಎನ್ನಲು ಗೌಡರು ಕೈಯೆತ್ತಿದರು. ಅಷ್ಟರಲ್ಲಿ ಮುಂದಿನ ಸಾಲಿನಿಂದ ಸಣ್ಣ ದನಿಯೊಂದು ಬಂತು.

“ಹಜರ್ ರೀ!”

ಎಲ್ಲರೂ ಬೆಚ್ಚಿಬಿದ್ದರು. ಆಮೇಲೆ ತಿಳಿಯಿತು. ಮನೆಯಲ್ಲಿ ಹೋದ ಕೂಸಿನ ಹೆಸರನ್ನು ಮುಂದೆ ಹುಟ್ಟಿದ ಕೂಸಿಗೆ ಇಡುವುದು ನಮ್ಮ ಕಡೆಯ ರೂಢಿ. ಜ್ವರದ ಮರುವರ್ಷ, ಅದರ ಮರುವರ್ಷ ಹುಟ್ಟಿದವೆಲ್ಲ ಈಗ ಸಾಲೆಗೆ ಬರುತ್ತಿದ್ದವು. ಇದು ನಮಗೆಲ್ಲ ಗೊತ್ತಿದ್ದದ್ದೇ, ಆದರೆ ಯಾರಿಗೂ ಹೊಳೆದಿರಲಿಲ್ಲ. ಮಕ್ಕಳಿಗೆ ಗೊತ್ತಿದ್ದದ್ದು ಇಷ್ಟೇ: ಸಾಲೆಯಲ್ಲಿ ದೊಡ್ಡವರೊಬ್ಬರು ನಿಂತು ಹೆಸರು ಕರೆದರೆ ಹಜರ್ ಅನ್ನಬೇಕು.

ಮಾಸ್ತರರು ಮುಂದಿನ ಹೆಸರು ಓದಿದರು. “ಗಂಗವ್ವ.”

“ಹಜರ್ ರೀ!”

“ಕಲ್ಲಪ್ಪ.”

“ಹಜರ್ ರೀ!” “ಹಜರ್ ರೀ!” ಇಬ್ಬರು ಒಟ್ಟಿಗೇ ಎದ್ದು ನಿಂತರು.

“ಏ, ಕರದದ್ದು ನನ್ನ.”

“ನಿನ್ನ ಯಾಕ ಕರೀತಾರೋ, ನನ್ನ!”

ಅಳುತ್ತಿದ್ದ ಹೆಂಗಸರೇ ಸೆರಗು ಬಾಯಿಗಿಟ್ಟುಕೊಂಡು ನಗತೊಡಗಿದರು.

“ರುದ್ರಗೌಡ” ಎಂದರು ಮಾಸ್ತರರು.

ಯಾರೂ ಓಗೊಡಲಿಲ್ಲ. ಗೌಡರ ಈಗಿನ ಮೊಮ್ಮಗ ಗೋಡೆಗೆ ಒರಗಿ ತೂಕಡಿಸುತ್ತಿದ್ದ. ಗೌಡರಿಗೆ ತಡೆಯಲಾಗಲಿಲ್ಲ. ಬಡಿಗೆಯ ತುದಿಯಿಂದ ತಿವಿದರು.

“ಏ ರುದ್ರ್ಯಾ! ಕರದದ್ದು ಕೇಳೂದಿಲ್ಲೇನಲೇ? ಹಜರ್ ಅನ್ನು! ಮಂದ್ಯಾಗ ನಮ್ಮ ಮನಿ ಮರ್ಯಾದಿ ಕಳೀತೀ ಏನು?”

ಆಮೇಲೆ ಬೇಡ ಎನ್ನಲು ಯಾರಿಗೂ ಬಾಯಿ ಉಳಿಯಲಿಲ್ಲ. ಹೆಸರಿನ ಹಿಂದೆ ಹೆಸರು, ಹಜರಿನ ಹಿಂದೆ ಹಜರ್. ಮಾಸ್ತರರ ದನಿಯೂ ಹಿಂದಿನಂತೆ ಗಟ್ಟಿಯಾಯಿತು. ಹೀಗೇ ಕೊನೆಯ ಹೆಸರಿಗೆ ಬಂದರು.

“ಚನ್ನಬಸು.”

ಹಜರ್ ಬರಲಿಲ್ಲ. ತಾಯಿಯೂ ಮಗನೂ ಒಟ್ಟಿಗೇ ಹೋದ ಮನೆ ಅದು. ಆ ಹೆಸರು ಹೊರಲು ಅಲ್ಲಿ ಮತ್ತೊಂದು ಕೂಸು ಹುಟ್ಟಿರಲಿಲ್ಲ. ಮಾಸ್ತರರು ಹಾಳೆಯಿಂದ ಕಣ್ಣು ಎತ್ತಲಿಲ್ಲ. ನಾವೆಲ್ಲ ನೆಲ ನೋಡುತ್ತ ನಿಂತೆವು.

ಆಗ ಆ ಬಸಲಿಂಗ ಎದ್ದ. ಗೆಳೆಯ ಸಾಲೆಗೆ ಬಾರದಿದ್ದ ದಿನ ಅವನಿಗೆ ಏಟು ಬೀಳದಂತೆ ಎಲ್ಲ ಮಕ್ಕಳೂ ಹೇಳುವುದನ್ನೇ ಅವನೂ ಹೇಳಿದ.

“ಹೊರಕಡಿಗೆ ಹೋಗ್ಯಾನ್ರಿ ಗುರುಗಳ. ಇನ್ನೇನು ಬರತಾನ್ರಿ.”

ಮಾಸ್ತರರು ತಲೆಯೆತ್ತಿ ಅವನನ್ನು ನೋಡಿದರು. ಆಮೇಲೆ ಕಣ್ಣಲ್ಲಿ ನೀರು ಬರುವಂತೆ ನಕ್ಕರು.

“ಬರಲಿ ಬರಲಿ. ಬಂದ ಮ್ಯಾಲೆ ನಿನ್ನ ಬಾಜು ಕುಂದರಿಸ್ಕೋ.”

“ಹೂಂ ರೀ” ಎಂದು ಬಸಲಿಂಗ ಪಕ್ಕದವನನ್ನು ದಬ್ಬಿ ಜಾಗ ಮಾಡಿದ.

ಪುಸ್ತಕ ಆ ಹಾಳೆಯೊಂದಿಗೇ ಅಚ್ಚಾಯಿತು. ಓದಿದ ನೀವು ಇದನ್ನು ಮನೆಯಲ್ಲಿ, ಕಟ್ಟೆಯ ಮೇಲೆ, ರೈಲಿನಲ್ಲಿ ಎದುರು ಕುಳಿತವರಿಗೆ ಹೇಳಿರಿ. ನಗುತ್ತಲೇ ಹೇಳಿರಿ, ಅಡ್ಡಿಯಿಲ್ಲ. ಆದರೆ ಹೇಳುವಾಗ ಒಂದು ಹೆಸರನ್ನೂ ಬಿಡಬೇಡಿರಿ.