ಕುರಿಗಳ ಸಿನಿಮಾ ಮತ್ತು ನಮ್ಮ ಚಿಗವ್ವ

ನಮ್ಮ ಚಿಗವ್ವನ ಮುಂದೆ ಒಂದು ವಾಕ್ಯವನ್ನು ಪೂರ್ತಿ ಮುಗಿಸಿದವರು ನಮ್ಮ ಬಳಗದಲ್ಲಿ ಯಾರೂ ಇಲ್ಲ! ಅವ್ವನ ಬೆನ್ನಿಗೆ ಹುಟ್ಟಿದ ಈ ತಂಗಿ ಸಾಕ್ಷ್ಯಚಿತ್ರಗಳನ್ನು ಎಡಿಟ್ ಮಾಡುತ್ತಾಳೆ, ಅವಕ್ಕೆ ಬೇಕಾದ ನಿರೂಪಣೆಯನ್ನೂ ತಾನೇ ಬರೆಯುತ್ತಾಳೆ. ಯಾರೋ ವಾರಗಟ್ಟಲೆ ಚಿತ್ರೀಕರಿಸಿ ತಂದದ್ದರಲ್ಲಿ ಬೇಡದ್ದನ್ನು ಕಿತ್ತೆಸೆಯುವುದೇ ಕಸುಬು. ಅದು ಕಂಪ್ಯೂಟರಿನೊಳಗೇ ಇದ್ದಿದ್ದರೆ ನಮ್ಮ ತಕರಾರಿರಲಿಲ್ಲ.

"ಮೊನ್ನಿ ಮುಂಜಾನೆ ಚಾ ಕುಡದು, ಗೋಳಗುಮ್ಮಟದ ಕಡೆ ಹೊಂಟಿದ್ದೆ..." ಎಂದು ಅಪ್ಪ ಶುರು ಮಾಡಿದರೆ ಸಾಕು.

"ಮಾಮಾ, ಚಾ ಬ್ಯಾಡ್ರಿ. ಅಲ್ಲಿ ಏನಾತು, ಅದನ್ನಷ್ಟ ಹೇಳ್ರಿ."

ಸೊಲ್ಲಾಪುರ ರಸ್ತೆಯಲ್ಲಿ ವೆಲ್ಡಿಂಗ್ ಅಂಗಡಿಯ ಮೇಲಿನ ಖೋಲಿಯೇ ಅವಳ ಸ್ಟುಡಿಯೊ. ಮಾತು, ಸದ್ದು ಕೇಳಿ ಕೇಳಿ ಕತ್ತರಿಸುವ ಕಿವಿಯ ಕೆಲಸ ಮಾಡುವವರು ಯಾರಾದರೂ ವೆಲ್ಡಿಂಗ್ ಅಂಗಡಿಯ ಮೇಲೆ ಕೂಡುತ್ತಾರೆಯೇ? ಕೇಳಿದರೆ, "ಇಷ್ಟ ಗದ್ಲದಾಗೂ ಕೇಳಬೇಕು ಅನಸ್ತಂದ್ರ ಅದು ಖರೇ ಮಾತು" ಎನ್ನುತ್ತಾಳೆ.

ಬಬಲೇಶ್ವರದಲ್ಲಿ ನಮ್ಮಣ್ಣನ ಮದುವೆಯಾದಾಗ ವಿಡಿಯೊ ಅವಳ ಕೈಗೆ ಹೋಯಿತು. ಮನೆಮಂದಿಯೆಲ್ಲ ಟಿವಿ ಮುಂದೆ ಕೂತು ನೋಡಿದರೆ, ವೇದಿಕೆ ಹತ್ತಿ ಪೋಸು ಕೊಟ್ಟ ದೊಡ್ಡಮಂದಿಯೆಲ್ಲ ಮಾಯ! ಇದ್ದದ್ದು ಚಪ್ಪಲಿ ಹುಡುಕುವ ಬೀಗರು, ಎಲೆಯ ಮುಂದೆ ತೂಕಡಿಸುವ ಸೋದರಮಾವ.

ಅವ್ವ ಸಿಡಿದಳು: "ತಾಳಿ ಕಟ್ಟಿದ್ದು ಎಲ್ಲೈತಿ ಬೇ?"

"ಕಟ್ಯಾನಂತ ಎಲ್ಲಾರಿಗೂ ಗೊತ್ತೈತಿ. ಮತ್ತ್ಯಾಕ ತೋರಸ್ಬೇಕು?"

ಹೀಗೆ ಎಲ್ಲವನ್ನೂ ಕತ್ತರಿಸುವವಳು ಕಳೆದ ವರ್ಷ ಒಂದೇ ಒಂದು ದೃಶ್ಯಕ್ಕಾಗಿ ಜಗಳಕ್ಕೆ ನಿಂತಳು. ಬಿಜ್ಜರಗಿಯ ಕುರಿಗಳ ಮೇಲಿನ ಚಿತ್ರ ಅದು. ಟಗರೊಂದು ನಿರ್ದೇಶಕರನ್ನೇ ಗುದ್ದಿ ಕೆಡವಿತ್ತು. ಅದನ್ನು ಕಂಡು ಕುರಿ ಕಾಯುವ ಯಜಮಾನ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದ. ನಿರ್ದೇಶಕರು ಫೋನಿನಲ್ಲಿ, "ಅದು ತೆಗೀರಿ. ಚಿತ್ರ ಇರೋದು ಕುರಿಗಳ ಬಗ್ಗೆ" ಎಂದರು.

"ನೀವು ಬಿದ್ದದ್ದು ಕಾಣೂದಿಲ್ರಿ, ಅಂವ ನಕ್ಕದ್ದಷ್ಟ ಐತಿ. ಕುರಿ ತಮ್ಮನ್ನ ತಾವ ಕಾಯ್ಕೋತಾವೇನ್ರಿ?"

ಜಗಳ ನಡೆದಿರುವಾಗಲೇ ಆ ಯಜಮಾನ ಎದೆನೋವಿನಿಂದ ತೀರಿಕೊಂಡ. ಆಗಲೂ ನಿರ್ದೇಶಕರು ಬಗ್ಗಲಿಲ್ಲ. ತಿಂಗಳುಗಟ್ಟಲೆ ಕಟ್ಟಿದ ಚಿತ್ರವನ್ನು ಚಿಗವ್ವ ಆ ನಗು ತೆಗೆದೇ ಒಪ್ಪಿಸಿದಳು. "ನನ್ನ ಹೆಸರೂ ತಗೀರಿ. ಆ ತುಂಡಷ್ಟ ನನಗ ಕೊಡ್ರಿ" ಎಂದಳು. ಪುಣ್ಯಾತ್ಮರು ಅದಕ್ಕೆ ಮಾತ್ರ ಹೂಂ ಎಂದರು.

ಮರುದಿನ ನನ್ನ ಸ್ಕೂಟರಿನ ಹಿಂದೆ ಲ್ಯಾಪ್‌ಟಾಪ್ ಎದೆಗವಚಿಕೊಂಡು ಕೂತಳು. ಟಿಕೋಟಾ ದಾಟಿ ಹೋದೆವು. ಬಿಜ್ಜರಗಿಯಲ್ಲಿ ಆ ಯಜಮಾನನ ಹೆಂಡತಿ ಕುರಿಹಟ್ಟಿಯ ನೆರಳಲ್ಲಿ ಕೂತಿದ್ದಳು. ಚಿಗವ್ವ ಪಕ್ಕದಲ್ಲಿ ಕೂತು ದೃಶ್ಯ ಹಚ್ಚಿದಳು. ಪರದೆಯ ಮೇಲೆ ಅವನು ಬಾಗಿ ಬಾಗಿ ನಕ್ಕ. ಈಗ ಈಕೆ ಅಳುತ್ತಾಳೆಂದು ನಾನು ಮುಖ ತಿರುಗಿಸಿದೆ.

ಅವಳು ಅಳಲಿಲ್ಲ. ಪರದೆಗೆ ಮುಖ ಹಚ್ಚಿ ಗದರಿದಳು:

"ಇಂಥಾ ಬಿಸಲಾಗ ಬರೇ ತಲೀಲೆ ನಿಂತಾನ ನೋಡವ್ವಾ! ರುಮಾಲ ಸುತ್ಗೋ ಅಂದ್ರ ಒಂದಿನಾ ಕೇಳಂಗಿಲ್ಲ ಇಂವ."

"ಬೈ ಯಕ್ಕಾ, ಬೈ," ಎಂದಳು ಚಿಗವ್ವ. ಕಣ್ಣೊರೆಸಿಕೊಂಡು ದೃಶ್ಯವನ್ನು ಮತ್ತೆ ಮೊದಲಿನಿಂದ ಹಚ್ಚಿದಳು.