ಮಗಳ ಹೆಸರಿಗೆ ಮೂರು ಸಾಕ್ಷಿ

ಮಗಳು ಹುಟ್ಟಿ ಮೂರು ತಿಂಗಳಾದರೂ ಹೆಸರಿಲ್ಲದಿದ್ದುದಕ್ಕೆ ನಾನೊಬ್ಬನೇ ಕಾರಣ ಎಂದು ನಮ್ಮತ್ತೆ ಸಿಕ್ಕಸಿಕ್ಕವರ ಬಳಿ ದೂರುತ್ತಿದ್ದರು. ಶುದ್ಧ ಅಪಪ್ರಚಾರ! (ನಾನು ಮುಖ್ಯ ಕಾರಣ, ಅಷ್ಟೇ.) ಅಚ್ಚಿನ ಮನೆಯಲ್ಲಿ ಕರಡು ತಿದ್ದುವವನು ನಾನು. ಕಂಡವರ ಮದುವೆ ಪತ್ರಿಕೆಯಲ್ಲಿ ಒಂದು ಕೊಂಬು ಜಾರಿದರೂ ಊಟ ಸೇರದ ನನಗೆ, ಸ್ವಂತ ಮಗಳಿಗೆ ಅರ್ಥ ಗೊತ್ತಿಲ್ಲದ ಹೆಸರಿಡಲು ಮನಸ್ಸು ಬರುತ್ತದೆಯೇ?

ನನ್ನವಳು ಬಸುರಿಯಾಗಿದ್ದಾಗಲೇ ಎರಡಕ್ಷರದ ಹೆಸರೊಂದನ್ನು ಆರಿಸಿಟ್ಟುಕೊಂಡಿದ್ದಳು. ಫೋನಿನಲ್ಲಿ ಪರೀಕ್ಷಿಸಿದೆ. ಒಂದು ಜಾಲತಾಣ ‘ಹೂವು’ ಎಂದಿತು, ಇನ್ನೊಂದು ‘ನದಿ’ ಎಂದಿತು, ಮತ್ತೊಂದು ‘ಧೈರ್ಯವಂತ ಗಂಡುಮಗು’ ಎಂದಿತು. ನಿಘಂಟಿನಲ್ಲಿ ಸುಳಿವೇ ಇಲ್ಲ.

“ಹೂವೋ ನದಿಯೋ, ನಂಗಿಷ್ಟ ಕಣ್ರೀ.”

“ಇಷ್ಟ ಅನ್ನೋದು ಆಧಾರ ಅಲ್ಲ ಕಣೇ. ವ್ಯುತ್ಪತ್ತಿ ಬೇಕು!”

“ಉತ್ಪತ್ತಿ ಮಾಡಿದವಳು ನಾನು. ವ್ಯುತ್ಪತ್ತಿ ನೀವೇ ಇಟ್ಕೊಳ್ಳಿ.”

ಅಷ್ಟರಲ್ಲಿ ಮಗುವಿಗೆ ‘ಗುಂಡಮ್ಮ’ ಅಂಟಿಕೊಂಡಿತ್ತು. ಕರೆದರೆ ತಿರುಗಿಯೂ ನೋಡುತ್ತಿತ್ತು. “ಇನ್ನೂ ಸತಾಯಿಸಿದ್ರೆ ಶಾಲೇಲೂ ಅದೇ ಹೆಸರು ಗಟ್ಟಿ,” ಎಂದು ನನ್ನವಳು ಕಣ್ಣೀರು ತಂದುಕೊಂಡಳು. ಹೆಸರಿನ ನೋಂದಣಿಗೆ ಅವಳು ಹಾಕಿದ್ದ ಗಡುವಿಗೆ ಒಂದೇ ದಿನ ಉಳಿದಿತ್ತು.

ನಿನ್ನೆ ಮಧ್ಯಾಹ್ನ ಊಟಕ್ಕೆ ಕೂತಾಗ ದಿಗ್ವಿಜಯ ಮಾಡಿ ಬಂದವನಂತೆ ಘೋಷಿಸಿದೆ.

“ಸಿಕ್ತು! ನಾನೇ ಹುಡುಕಿದ ನಾಲ್ಕಕ್ಷರದ ಹೆಸರು. ‘ಬೆಳಗಿನ ಮೊದಲ ಬೆಳಕು’ ಅಂತ ಅರ್ಥ. ಫೋನಲ್ಲಿ ಮೂರು ಕಡೆ ಅಕ್ಷರಾನೂ ಆಚೀಚೆ ಆಗದ ಹಾಗೆ ಅದೇ ಇದೆ. ಸುಳ್ಳಾದ್ರೆ ನೀನು ಹೇಳಿದ ಹೆಸರಿಗೆ ಬಾಯಿ ಮುಚ್ಕೊಂಡು ಸಹಿ ಹಾಕ್ತೀನಿ!”

ಅವಳು ಮಗುವನ್ನು ಹೆಗಲಿಗೆ ಹಾಕಿಕೊಂಡು ನನ್ನ ಫೋನು ಕಿತ್ತುಕೊಂಡಳು. “ಮೂರೂ ಒಂದೇ ಕಡೆಯಿಂದ ಎತ್ಕೊಂಡಿರೋದು ಅಂತ ಕೆಳಗಿದೆಯಲ್ರೀ,” ಎನ್ನುತ್ತ ಅಲ್ಲಿ ಒತ್ತಿದಳು. ತೆರೆದ ಪುಟವನ್ನು ಗಟ್ಟಿಯಾಗಿ ಓದಿದಳು. “‘ಈ ಹೆಸರಿಗೆ ಬೆಳಗಿನ ಮೊದಲ ಬೆಳಕು ಎಂಬ ಅರ್ಥವಿರಬಹುದೇ? ಬಲ್ಲವರು ತಿಳಿಸಿ.’ ಕೇಳಿದವರು ‘ಕರಡುಪ್ರಿಯ’. ಫೋಟೋನೂ ಇದೆ. ಅಮ್ಮಾ, ಈ ಬೋಳುತಲೆ ಯಾರದು ನೋಡು?”

“ಅಯ್ಯೋ, ನಮ್ಮ ಅಳಿಯಂದಿರು!” ಎಂದು ಅತ್ತೆ ಸಂಭ್ರಮಪಟ್ಟರು.

ಫೋನು ಕಸಿದುಕೊಂಡು ನೋಡಿದೆ. ಹೋದ ವಾರ ನಾನೇ ಬರೀ ಊಹೆಯ ಮೇಲೆ ಕೇಳಿದ್ದ ಪ್ರಶ್ನೆ ಅದು. ಉತ್ತರ ಯಾರೂ ಕೊಟ್ಟಿರಲಿಲ್ಲ. ಪ್ರಶ್ನಾರ್ಥಕ ಚಿಹ್ನೆಯೊಂದನ್ನು ಕಿತ್ತೆಸೆದು ಆ ಮೂರೂ ಜಾಲತಾಣದ ಪುಣ್ಯಾತ್ಮರು ಉಳಿದದ್ದನ್ನು ಹಾಗೇ ಇಳಿಸಿಕೊಂಡಿದ್ದರು.

ಇವತ್ತು ನೋಂದಣಿ ಕಚೇರಿಯಲ್ಲಿ ಆ ಎರಡಕ್ಷರಕ್ಕೆ ಬಾಯಿ ಮುಚ್ಚಿಕೊಂಡು ಸಹಿ ಹಾಕಿದೆ. ಗುಮಾಸ್ತರು ಮಗುವಿನ ಕೆನ್ನೆ ಸವರಿ ನನ್ನನ್ನೇ ಕೇಳಿದರು: “ಹೆಸರು ಮುದ್ದಾಗಿದೆ. ಏನರ್ಥ ಸಾರ್?”

ನಾನು ಬಾಯಿ ತೆರೆಯುವಷ್ಟರಲ್ಲಿ ನನ್ನವಳೇ ಹೇಳಿದಳು:

“ನಾಳೆ ಫೋನಲ್ಲಿ ನೋಡ್ಕೊಳ್ಳಿ ಸಾರ್. ಇವ್ರು ಇವತ್ತು ಸಂಜೆ ಬರೀತಾರೆ.”