ನನ್ನ ಲ್ಯಾಪ್‌ಟಾಪಿನಲ್ಲಿ ಬಿಡಾರ ಹೂಡಿರುವ ಹಣ್ಣಿನಾಟಕ್ಕೆ

ಮಾನ್ಯರೇ,

ಒಂದೇ ಬಣ್ಣದ ಮೂರು ಹಣ್ಣುಗಳನ್ನು ಸಾಲಾಗಿ ನಿಲ್ಲಿಸಿ ಒಡೆಯುವ ವಿದ್ಯೆಯಲ್ಲಿ ಪಾರಂಗತರೂ, ನಾನು ಕರೆಯದೆಯೇ ನನ್ನ ಲ್ಯಾಪ್‌ಟಾಪಿಗೆ ದಯಮಾಡಿಸಿದವರೂ, ಎಂಟು ತಿಂಗಳಿಂದ ಅಲ್ಲೇ ಕಾಲು ಚಾಚಿ ನೆಲೆಸಿರುವವರೂ ಆದ ತಮ್ಮ ಸನ್ನಿಧಾನಕ್ಕೆ ನನ್ನ ನಮಸ್ಕಾರಗಳು. ತಮ್ಮೊಡನೆ ಬಂದಿದ್ದ ಕಾರು ಓಡಿಸುವ ಆಟ, ಕೋಟೆ ಕಟ್ಟುವ ಆಟ, ತರಕಾರಿ ಬೆಳೆಯುವ ಆಟ ಮತ್ತು ಇಸ್ಪೀಟು, ಈ ನಾಲ್ವರಿಗೂ ಪತ್ರದ ಪ್ರತಿ ಕಳುಹಿಸಬೇಕೆಂದಿದ್ದೆ. ಅವರು ಈಗ ಎಲ್ಲಿದ್ದಾರೋ ತಿಳಿಯದು. ಹೊರಹಾಕಿದವಳು ನಾನೇ ಆದ್ದರಿಂದ ವಿಳಾಸ ವಿಚಾರಿಸಲು ಸಂಕೋಚ.

ಈ ಲ್ಯಾಪ್‌ಟಾಪನ್ನು ನಾನು ಕೊಂಡದ್ದು ಅದು ಹಗುರ ಎಂಬ ಒಂದೇ ಕಾರಣಕ್ಕೆ. ಈ ವಯಸ್ಸಿನಲ್ಲಿ ಮತ್ತೆ ಸ್ನಾತಕೋತ್ತರ ತರಗತಿಗೆ ಸೇರಿದವಳಿಗೆ ಪುಸ್ತಕಗಳಿಂದಲೇ ಭುಜ ಜಾರಿರುತ್ತದೆ. ಅಂಗಡಿಯವರು ಅದನ್ನು ಎರಡು ಬೆರಳಲ್ಲಿ ಎತ್ತಿ, "ಮೇಡಂ, ಇದು ಬ್ಯಾಗಲ್ಲಿದೆಯೋ ಇಲ್ವೋ ಅಂತ ನೀವು ತೆಗೆದು ನೋಡ್ಬೇಕಾಗತ್ತೆ" ಎಂದಿದ್ದರು. ಅಷ್ಟು ತೆಳ್ಳಗಿನ ಯಂತ್ರದೊಳಗೆ ಒಂದು ಕೋಟೆ, ಅದರ ಸೈನ್ಯ, ಮೂರು ಎಕರೆ ಸೌತೆಕಾಯಿ ಹಾಗೂ ತಮ್ಮ ಹಣ್ಣಿನ ರಾಶಿ ಮೊದಲೇ ತುಂಬಿದೆಯೆಂದು ಅವರು ಹೇಳಲಿಲ್ಲ, ಕೇಳಬೇಕೆಂದು ನನಗೂ ಹೊಳೆಯಲಿಲ್ಲ. ಇಷ್ಟೆಲ್ಲ ಹೊತ್ತೂ ಅದು ಒಂದು ಕಿಲೋ ಮೀರದಿರುವುದು ತಮ್ಮೆಲ್ಲರ ಸರಳ ಜೀವನಕ್ಕೆ ಸಾಕ್ಷಿಯೆಂದೇ ನಾನು ತಿಳಿದಿದ್ದೇನೆ.

ನಮ್ಮಿಬ್ಬರ ನಡುವೆ ವಿರಸ ಹುಟ್ಟಿದ್ದು ನನ್ನ ದೊಡ್ಡಮ್ಮನ ಕಾರಣದಿಂದ. ಅವರು ಮೂವತ್ತಾರು ವರ್ಷ ಟೆಲಿಫೋನ್ ಕಚೇರಿಯಲ್ಲಿ ಕೂತು, ಈ ತಂತಿಯ ತುದಿಯನ್ನು ಆ ತೂತಿಗೆ ಸಿಕ್ಕಿಸಿ, ಊರವರ ಮಾತನ್ನು ಊರವರಿಗೆ ದಾಟಿಸುತ್ತಿದ್ದವರು. ಒಂದು ಕರೆಗೂ ಇನ್ನೊಂದಕ್ಕೂ ನಡುವೆ ಸಿಕ್ಕಿದ ಬಿಡುವಿನಲ್ಲಿ ಮನಸ್ಸಿನಲ್ಲೇ ಪದ್ಯ ಕಟ್ಟಿದರು. ಕೈ ಎರಡೂ ತಂತಿಯ ಮೇಲಿದ್ದುದರಿಂದ ಒಂದನ್ನೂ ಬರೆದಿಡಲಿಲ್ಲ. ಬರೆಯದೆ ಉಳಿದ ಇಂಥ ಕವಿತೆಗಳೇ ನನ್ನ ಪ್ರಬಂಧದ ವಿಷಯ. ಅವರಿಗೀಗ ಎಪ್ಪತ್ತೊಂಬತ್ತು, ಮರೆವು ಮನೆಯೊಳಗೆ ಬಂದು ಕೂತಿದೆ. ಮಧ್ಯಾಹ್ನ ಮೂರರಿಂದ ನಾಲ್ಕರವರೆಗೆ ಮಾತ್ರ ಅವರ ನೆನಪು ತಿಳಿಯಾಗಿರುತ್ತದೆ. ಆಮೇಲೆ ಅವರ ಕಣ್ಣಿಗೆ ನಾನು ನನ್ನ ಅಮ್ಮನಾಗಿಬಿಡುತ್ತೇನೆ, ಅಡುಗೆಮನೆ ಕಚೇರಿಯಾಗುತ್ತದೆ.

ಪದ್ಯ ಹೇಳುವಾಗ ಅವರ ಕೈಗಳು ಗಾಳಿಯಲ್ಲಿ ತಂತಿ ಸಿಕ್ಕಿಸುತ್ತಿರುತ್ತವೆ. ಆ ಕೈಗಳಿಗಾಗಿಯೇ ನಾನು ವಿಡಿಯೋ ಮಾಡಿಕೊಳ್ಳುತ್ತಿದ್ದೆ. ಫೋನಿನಲ್ಲಿ ಮಾಡಬಹುದಿತ್ತಲ್ಲ ಎಂದು ತಾವು ಕೇಳಬಹುದು. ನನ್ನ ಫೋನಿನ ಜಾಗವನ್ನೆಲ್ಲ ಬಂಧುಗಳು ಪ್ರತಿದಿನ ತಪ್ಪದೆ ಕಳಿಸುವ ಶುಭೋದಯದ ಗುಲಾಬಿಗಳು ಆಕ್ರಮಿಸಿವೆ, ಅವರ ಮೇಲೆ ಇನ್ನೊಂದು ಪತ್ರ ಬರೆಯಬೇಕಾಗಿದೆ. ಹೋದ ತಿಂಗಳು ಒಂದು ಮಂಗಳವಾರ ದೊಡ್ಡಮ್ಮ ತಮ್ಮ ಅತಿ ದೊಡ್ಡ ಪದ್ಯವನ್ನು ಎತ್ತಿಕೊಂಡರು. ಹನ್ನೊಂದು ಚರಣಗಳು. ಉಸಿರು ಕಟ್ಟಿ ಕೇಳುತ್ತ ಕೂತ ನಾನು ಪರದೆಯತ್ತ ನೋಡಲಿಲ್ಲ. ಪದ್ಯ ಮುಗಿಸಿ ಅವರು ನೀರು ಕೇಳಿದಾಗ ನೋಡಿದರೆ, ಏಳನೆಯ ಚರಣದ ಕೊನೆಗೇ ಯಂತ್ರ ನಿಂತುಹೋಗಿತ್ತು. ಜಾಗ ಸಾಲದು ಎಂದು ಬಹಳ ಸೌಜನ್ಯದಿಂದ ಬರೆದಿತ್ತು. ಮರುದಿನ ಮೂರು ಗಂಟೆಗೆ ಕೇಳಿದರೆ ದೊಡ್ಡಮ್ಮನಿಗೆ ಏಳರ ಮುಂದೆ ಏನೂ ಇಲ್ಲ. "ಅಷ್ಟೇ ಇರೋದು" ಎಂದರು. ನಾಲ್ಕು ಚರಣಗಳಿರಬೇಕಾದ ಕಡೆ ತಾವು ಐವರು ಇಪ್ಪತ್ತೊಂದು ಜಿಬಿ ಹಾಸಿಕೊಂಡು ಮಲಗಿದ್ದಿರಿ.

ತಮ್ಮನ್ನು ಬೀಳ್ಕೊಡಲು ನಾನು ಮಾಡಿದ ಮೊದಲ ಪ್ರಯತ್ನವನ್ನು ಇಲ್ಲಿ ಒಪ್ಪಿಕೊಂಡುಬಿಡುತ್ತೇನೆ. ಪರದೆಯ ಮೇಲಿದ್ದ ತಮ್ಮ ಐದು ಚಿತ್ರಗಳನ್ನು ಒಂದೊಂದಾಗಿ ಎಳೆದು ಕಸದ ಬುಟ್ಟಿಗೆ ಹಾಕಿದೆ, ಬುಟ್ಟಿಯನ್ನು ಖಾಲಿ ಮಾಡಿದೆ, ಮನಸ್ಸಿಗೆ ಏನೋ ಆಗಿ ಸ್ವಲ್ಪ ಹೊತ್ತು ಕಿಟಕಿಯ ಬಳಿ ನಿಂತೆ. ವಾಪಸು ಬಂದು ನೋಡಿದಾಗ ನನಗೆ ದೊರೆತ ಹೊಸ ಜಾಗ ಹತ್ತು ಕೆಬಿ. ಅದರಲ್ಲಿ ದೊಡ್ಡಮ್ಮನ ಒಂದು ಕೆಮ್ಮು ಕೂಡ ಹಿಡಿಯುವುದಿಲ್ಲ. ಮಗಳಿಗೆ ಹೇಳಿದರೆ ಅವಳು ನಗು ತಡೆಯಲಾರದೆ, "ಅಮ್ಮಾ, ನೀನು ಬಾಗಿಲ ಮೇಲಿನ ಹೆಸರಿನ ಹಲಗೆ ಕಿತ್ತಿದ್ದೀಯ ಅಷ್ಟೆ. ಬಾಡಿಗೆಯವರು ಒಳಗೇ ಇದ್ದಾರೆ, ಕಾಫಿ ಕುಡೀತಿದ್ದಾರೆ" ಎಂದಳು. ಹೆಸರು ಅಳಿಸಿದರೆ ಇರುವಿಕೆಯೂ ಅಳಿಯುತ್ತದೆಂದು ನಂಬುವುದು ಬಹುಶಃ ಕವಿತೆ ಓದುವವರು ಮಾತ್ರ ಮಾಡುವ ತಪ್ಪು.

ಆಮೇಲೆ ಅವಳು ಸೆಟ್ಟಿಂಗ್ಸ್ ಎಂಬಲ್ಲಿಗೆ ಕರೆದೊಯ್ದು, ಅಲ್ಲಿ ಎಲ್ಲರ ಹೆಸರೂ ತೂಕವೂ ಪಟ್ಟಿಯಾಗಿರುವುದನ್ನು ತೋರಿಸಿ, ಒಬ್ಬೊಬ್ಬರ ಎದುರಿಗೂ ತೆಗೆದುಹಾಕುವ ಗುಂಡಿ ಇರುವುದನ್ನು ಕಾಣಿಸಿಕೊಟ್ಟಳು. ಒಂಬತ್ತು ಜಿಬಿ ತೂಗುತ್ತಿದ್ದ ಕೋಟೆ ಮೊದಲು ಹೋಯಿತು. ಕಾರು ಹೋಗುವಾಗ, ನಮ್ಮಿಂದೇನಾದರೂ ತಪ್ಪಾಯಿತೇ ಎಂದು ಕೇಳಿತು; ನನಗೆ ಓಡಿಸಲು ಬರುವುದಿಲ್ಲವೆಂದು ನಿಜವನ್ನೇ ಬರೆದೆ. ತರಕಾರಿ ತೋಟದಲ್ಲಿ ನೀರಿಲ್ಲದೆ ಎಂಟು ತಿಂಗಳು ನಿಂತಿದ್ದ ಹಸುವೊಂದು ಕಣ್ಣೀರು ಹಾಕಿತು. ಇಸ್ಪೀಟು ಮಾತ್ರ ಏನೂ ಕೇಳದೆ ಎದ್ದು ಹೋಯಿತು, ಅದರ ಸಂಸ್ಕಾರವನ್ನು ಮೆಚ್ಚಬೇಕು. ತಮ್ಮ ತೂಕ ಎರಡೇ ಜಿಬಿ ಆದ್ದರಿಂದ ತಮ್ಮನ್ನು ಕೊನೆಗೆ ಇಟ್ಟುಕೊಂಡಿದ್ದೆ.

ಅಷ್ಟರಲ್ಲಿ ಬಾಗಿಲಿಗೆ ಯಾರೋ ಬಂದರು. ಪಾರ್ಸೆಲಿಗೆ ಸಹಿ ಹಾಕಿ ನಾನು ಮರಳುವ ಹೊತ್ತಿಗೆ ದೊಡ್ಡಮ್ಮ ಲ್ಯಾಪ್‌ಟಾಪನ್ನು ಹತ್ತಿರಕ್ಕೆ ಎಳೆದುಕೊಂಡು, ಅದು ಹೇಗೋ ತಮ್ಮ ಬಾಗಿಲು ತೆರೆದು, ಪರದೆಯ ಮೇಲೆ ಬೆರಳಾಡಿಸುತ್ತಿದ್ದರು. ಸಾಲುಸಾಲಾದ ಗುಂಡನೆಯ ಹಣ್ಣುಗಳು. ಇಲ್ಲಿಂದ ಎತ್ತಿ ಅಲ್ಲಿಗೆ, ಅಲ್ಲಿಂದ ಎತ್ತಿ ಇಲ್ಲಿಗೆ. ನಾನು ಕೈ ಹಿಡಿದು ಬಿಡಿಸಲು ಹೋದೆ. ಆಗ ಅವರು, ನನ್ನತ್ತ ನೋಡದೆ, ಎರಡು ದ್ರಾಕ್ಷಿಗಳ ನಡುವೆ ಹೇಳಿದರು:

ಇವರ ಮಾತ ಅವರಿಗಿತ್ತೆ, ಅವರದನ್ನು ಇವರಿಗೆ;
ನಡುವೆ ಕುಳಿತ ನನ್ನ ಮಾತು ಉಳಿಯಿತೆದುರು ಗೋಡೆಗೆ.

ಅದು ಎಂಟನೆಯ ಚರಣ. ಕೈಯಲ್ಲಿದ್ದ ಪಾರ್ಸೆಲಿನ ರಟ್ಟಿನ ಮೇಲೆಯೇ ಬರೆದುಕೊಂಡೆ. ಕೇಳಿದರೆ ನೆನಪಾಗದ್ದು ಕೈಗೆ ಕೆಲಸ ಸಿಕ್ಕಿದೊಡನೆ ತಾನೇ ಬಂದಿತ್ತು. ಹೀಗಾಗಿ, ಮಾನ್ಯರೇ, ತಮ್ಮನ್ನು ಹೊರಗಟ್ಟುವ ವಿಧಾನವನ್ನು ಕಷ್ಟಪಟ್ಟು ಕಲಿತ ದಿನವೇ ತಮ್ಮನ್ನು ಇಟ್ಟುಕೊಳ್ಳಬೇಕಾದ ಗತಿ ನನಗೆ ಬಂತು. ಈಗ ತಾವು ಈ ಮನೆಯ ಸಂಶೋಧನಾ ಸಹಾಯಕರು. ತಾವು ತೆರೆದಿರುವಾಗ ವಿಡಿಯೋ ಮಾಡಿದರೆ ಯಂತ್ರ ಏದುಸಿರು ಬಿಡುವುದರಿಂದ ದನಿಯನ್ನಷ್ಟೇ ಹಿಡಿದಿಡುತ್ತಿದ್ದೇನೆ. ಎರಡು ವಾರದಲ್ಲಿ ಒಂಬತ್ತು ಮತ್ತು ಹತ್ತನೆಯ ಚರಣಗಳೂ ಬಂದಿವೆ. ಹನ್ನೊಂದನೆಯದು ಬರಬೇಕು, ಮತ್ತು ಅದಕ್ಕೆ ಅಡ್ಡಿಯಾಗಿರುವವರು ತಾವೇ.

ದೊಡ್ಡಮ್ಮ ಐದು ಸಲ ಸೋತರೆ ಸಾಕು, ಅರ್ಧ ಗಂಟೆ ಕಾದು ಬನ್ನಿ ಎಂದು ತಾವು ಕದ ಹಾಕಿಕೊಳ್ಳುತ್ತೀರಿ. ದಿನಕ್ಕೆ ಒಂದೇ ಗಂಟೆ ನೆನಪಿರುವವರಿಗೆ ಅರ್ಧ ಗಂಟೆ ಕಾಯಿರಿ ಎನ್ನುವ ಧೈರ್ಯ ನಮ್ಮ ವಿಶ್ವವಿದ್ಯಾಲಯದ ಕಚೇರಿಗೂ ಇಲ್ಲ. ಆ ಅರ್ಧ ಗಂಟೆಯಲ್ಲಿ ಅವರು ಕೈ ಮಡಚಿ ಕೂತು ಪರದೆಯನ್ನು ನೋಡುತ್ತಾರೆ, ನಾನು ಗಡಿಯಾರ ನೋಡುತ್ತೇನೆ. ಇನ್ನು ಅವರು ಗೆದ್ದರೂ ಕಷ್ಟವೇ. ತಾವು ತುತ್ತೂರಿ ಊದಿ, ಚಪ್ಪಾಳೆ ಬಾರಿಸಿ, ಪಟಾಕಿ ಸಿಡಿಸುತ್ತೀರಿ. ನನ್ನ ದಾಖಲೆಯಲ್ಲಿ ಪ್ರತಿ ಚರಣದ ಕೊನೆಗೂ ಒಂದು ದೊಡ್ಡ ಸಭೆ ಚಪ್ಪಾಳೆ ತಟ್ಟುತ್ತದೆ. ನನ್ನ ಮಾರ್ಗದರ್ಶಕಿ ಕೇಳಿಸಿಕೊಂಡು, "ಇಷ್ಟು ಜನರನ್ನ ಎಲ್ಲಿ ಸೇರಿಸಿದ್ರಿ?" ಎಂದು ಅಚ್ಚರಿಪಟ್ಟರು. ದನಿ ಅಡಗಿಸೋಣವೆಂದರೆ ದೊಡ್ಡಮ್ಮ ಒಪ್ಪುವುದಿಲ್ಲ. "ಸದ್ದಿಲ್ಲ ಅಂದ್ರೆ ಲೈನ್ ಸತ್ತಿದೆ ಅಂತ" ಎನ್ನುತ್ತಾರೆ.

ಆದ್ದರಿಂದ ತಮ್ಮಲ್ಲಿ ನನ್ನ ಸವಿನಯ ಪ್ರಾರ್ಥನೆ ಏನೆಂದರೆ, ಮಧ್ಯಾಹ್ನ ಮೂರರಿಂದ ನಾಲ್ಕರವರೆಗೆ ನನ್ನ ದೊಡ್ಡಮ್ಮನನ್ನು ಸೋಲಿಸಲೂ ಬೇಡಿ, ಗೆಲ್ಲಿಸಲೂ ಬೇಡಿ. ಹಣ್ಣುಗಳು ಬೀಳುತ್ತಿರಲಿ, ಅವರು ಜೋಡಿಸುತ್ತಿರಲಿ. ಪ್ರತಿ ವಾರ ಹೊಸ ಆವೃತ್ತಿಯ ನೆಪದಲ್ಲಿ ಮೈ ಬೆಳೆಸಿಕೊಳ್ಳುವ ಅಭ್ಯಾಸವನ್ನು ಹನ್ನೊಂದನೆಯ ಚರಣದವರೆಗಾದರೂ ತಡೆಹಿಡಿಯಿರಿ. ಅದು ಬಂದ ಮೇಲೆ ತಾವು ಎರಡು ಜಿಬಿ ಇದ್ದರೂ ಇಪ್ಪತ್ತಾದರೂ ನಾನು ಕೇಳುವವಳಲ್ಲ. ಬಾರದೇ ಹೋದರೆ ಆ ಗುಂಡಿ ಎಲ್ಲಿದೆಯೆಂದು ನನಗೀಗ ಗೊತ್ತಿದೆ.

ತಮ್ಮ ಮೇಲೆ ಬೇರೆ ದಾರಿಯಿಲ್ಲದೆ ಭರವಸೆಯಿಟ್ಟಿರುವ,
ತಮ್ಮ ವಿಶ್ವಾಸಿ,
ಸದರಿ ಲ್ಯಾಪ್‌ಟಾಪಿನ ಕಾಗದದ ಮೇಲಿನ ಒಡತಿ

ಮರೆತ ಮಾತು: ಈ ಪತ್ರವನ್ನು ಇಂದು ಮೂರು ಗಂಟೆಗೆ ದೊಡ್ಡಮ್ಮನಿಗೆ ಓದಿ ಹೇಳಿದೆ. ಎಲ್ಲ ಸರಿಯಿದೆಯೆಂದರು, ಚಪ್ಪಾಳೆಯ ದೂರನ್ನು ಮಾತ್ರ ಹೊಡೆದುಹಾಕಲು ಹೇಳಿದರು. "ಅದನ್ಯಾಕೆ ಬೈತೀಯ? ಇಷ್ಟು ವರ್ಷದಲ್ಲಿ ನನ್ನ ಪದ್ಯಕ್ಕೆ ಚಪ್ಪಾಳೆ ತಟ್ಟಿದ್ದು ಅದೊಂದೇ. ನೀನು ಬರ್ಕೊಂಡೆ ಅಷ್ಟೆ." ಆ ದೂರನ್ನು ಹಿಂತೆಗೆದುಕೊಂಡಿದ್ದೇನೆ. ಹತ್ತನೆಯ ಚರಣವನ್ನು ಮತ್ತೊಮ್ಮೆ ಹೇಳಿಸಿದೆ, ಕೊನೆಗೆ ತಮಗಿಂತ ಮುಂಚೆ ನಾನೇ ತಟ್ಟಿದೆ. ತಾವು ಸ್ವಲ್ಪ ತಡ ಮಾಡಿದಿರಿ.